ಆಳವಾಗಿ ವಿಷಾದಿಸಿದವರ ಕಥೆ

ಒಂದೂರಲ್ಲಿ ಒಬ್ಬ ಶ್ರೀಮಂತ ಇದ್ದ ಅಂತಲೇ ಕಥೆ ಶುರುವಾಗಬೇಕು, ಅಲ್ಲವೇ? ಇದ್ದ. ಮೆಕ್ಕೆಜೋಳದಿಂದ ಹಿಟ್ಟು ತೆಗೆಯುವ ದೊಡ್ಡ ಕಾರ್ಖಾನೆ, ಊರ ತುಂಬ ಅವನ ಲಾರಿ, ಮದುವೆ ಮಂಟಪದ ಮೇಲೆ ಅವನ ಹೆಸರು. ಆದರೆ ಇವತ್ತು ನಾನು ಹೇಳುವುದು ಅವನ ಕಥೆಯಲ್ಲ. ಶ್ರೀಮಂತರ ಕಥೆ ಹೇಳಿದರೆ ನೀವೆಲ್ಲ ಆರಾಮಾಗಿ ಕೂರುತ್ತೀರಿ, ಇದು ನಮಗಲ್ಲ ಅಂತ. ಇದು ಆ ಶ್ರೀಮಂತನ ಕಚೇರಿಯಲ್ಲಿ ಇಂಗ್ಲಿಷ್ ಕಾಗದ ಬರೆಯುತ್ತಿದ್ದ ಒಬ್ಬ ಸಾದಾ ಮನುಷ್ಯನ ಕಥೆ. ನಿಮ್ಮಂಥವನು. ನನ್ನಂಥವನು.

ಅವನ ಹೆಸರು ಪಂಚಾಕ್ಷರಯ್ಯ. ಇಂಗ್ಲಿಷಿನಲ್ಲಿ ಎಂ.ಎ. ಮಾಡಿದ್ದ. ಕಾಲೇಜಿನಲ್ಲಿ ಆರು ವರ್ಷ ತಾತ್ಕಾಲಿಕ ಅಂತ ದುಡಿದು, ಖಾಯಂ ಆಗದೆ ಈ ಕಾರ್ಖಾನೆಗೆ ಬಂದಿದ್ದ. ಜಂಗಮರ ಮನೆಯವನಾದ್ದರಿಂದ ಧಣಿಯಿಂದ ಹಿಡಿದು ಕಸ ಹೊಡೆಯುವವರ ತನಕ ಎಲ್ಲರೂ ಅವನನ್ನು ‘ಅಯ್ಯಾರ’ ಅಂತಲೇ ಕರೆಯುತ್ತಿದ್ದರು. ಕೆಟ್ಟವನೇ? ಅಲ್ಲ. ಲಂಚ ಮುಟ್ಟಿದವನಲ್ಲ, ಕುಡಿದವನಲ್ಲ, ಒಬ್ಬರಿಗೆ ಜೋರು ದನಿಯಲ್ಲಿ ಬೈದವನಲ್ಲ. ಪೂಜೆ ಮಾಡದೆ ಬಾಯಿಗೆ ನೀರು ಹಾಕುತ್ತಿರಲಿಲ್ಲ. ಅವನಿಗೆ ಇದ್ದದ್ದು ಒಂದೇ ಹೆಮ್ಮೆ, ತನ್ನ ಇಂಗ್ಲಿಷಿನದು.

ಆ ಇಂಗ್ಲಿಷಿನಲ್ಲಿ ಒಂದು ಮಾತು ಅವನಿಗೆ ಬಹಳ ರೂಢಿಯಾಗಿತ್ತು. ‘ಡೀಪ್ಲಿ’. ನೀವೂ ಕೇಳಿರುತ್ತೀರಿ. ಮಂತ್ರಿಗಳಿಗೆ ಕಾಗದ ಬರೆದರೆ ‘ಡೀಪ್ಲಿ’ ಕೃತಜ್ಞರಾಗಿದ್ದೇವೆ. ಪ್ರಶಸ್ತಿ ಬಂದರೆ ‘ಡೀಪ್ಲಿ’ ಸಂತೋಷವಾಗಿದೆ. ಯಾರಾದರೂ ತೀರಿಕೊಂಡರೆ ‘ಡೀಪ್ಲಿ’ ದುಃಖವಾಗಿದೆ. ಒಂದು ದಿನ ಧಣಿಯೇ ಕೇಳಿದ.

“ಅಯ್ಯಾರ, ಎಲ್ಲಾ ಕಾಗದದಾಗೂ ಇದೊಂದು ಮಾತು ಹಾಕ್ತೀರಲ್ಲ, ಅರ್ಥ ಏನ್ರಿ ಇದರದು?”

“ಆಳವಾಗಿ ಅಂತ್ರಿ. ಅರ್ಥ ಭಾಳ ಅದಾವು. ನೆಲ ಅಗಿಯೂದಕ್ಕೂ ಹಚ್ಚಬಹುದು, ಉಸಿರು ಎಳಕೊಳ್ಳೂದಕ್ಕೂ ಹಚ್ಚಬಹುದು. ನಿದ್ದಿಗೆ, ಪ್ರೀತಿಗೆ, ನೋವಿಗೆ, ನಂಬಿಕಿಗೆ, ಎಲ್ಲಾದಕ್ಕೂ ನಡೀತೈತ್ರಿ.”

“ಅಂದ್ರ ಎಲ್ಲಿ ಹಚ್ಚಿದ್ರೂ ಹತ್ತತೈತಿ.”

“ಹತ್ತತೈತ್ರಿ.”

“ಹಂಗಾದ್ರ ಹಚ್ಚರಿ” ಅಂದ ಧಣಿ.

ನೋಡಿ, ನಮ್ಮ ಅಜ್ಜಿಯರು ದುಃಖವಾದರೆ ಏನನ್ನುತ್ತಿದ್ದರು? ಕರುಳು ಚುರ್ ಅಂತು ಅನ್ನುತ್ತಿದ್ದರು. ಹೊಟ್ಟೆಯಲ್ಲಿ ಬೆಂಕಿ ಬಿತ್ತು ಅನ್ನುತ್ತಿದ್ದರು. ಹಾಗೆ ಅಂದವಳು ಮೂರು ದಿನ ಅನ್ನ ಮುಟ್ಟುತ್ತಿರಲಿಲ್ಲ. ನಾವು ಆಳವಾಗಿ ದುಃಖಿಸಿ, ಅದೇ ಕೈಯಲ್ಲಿ ಊಟಕ್ಕೆ ಕೂರುತ್ತೇವೆ.

ಇರಲಿ, ಕಥೆಗೆ ಬನ್ನಿ. ಕಾರ್ಖಾನೆಯ ಹಿಂದೆ ಒಂದು ಗುಂಡಿ ಇತ್ತು. ಜೋಳ ನೆನೆಸಿದ ಕೊಳೆನೀರೆಲ್ಲ ಬಂದು ಬೀಳುವ ಗುಂಡಿ. ಹದಿನಾಲ್ಕು ಅಡಿ. ತಿಂಗಳಿಗೊಮ್ಮೆ ಅದರ ತಳದ ಪೈಪು ಕಟ್ಟಿಕೊಳ್ಳುತ್ತಿತ್ತು. ಆಗ ಒಬ್ಬ ಇಳಿದು ಬಿಡಿಸಬೇಕು. ಅದಕ್ಕೆ ಇಳಿಯುವವರು ಯಾವ ಓಣಿಯವರು ಅಂತ ನಾನು ಹೇಳಬೇಕೇ? ಬೇಡ. ನಿಮಗೆ ಗೊತ್ತು.

ಹಾಗೆ ಇಳಿಯುತ್ತಿದ್ದವನು ದುರುಗಪ್ಪ. ಒಂದು ಸಲ ಒಳಗೆ ತಲೆ ತಿರುಗಿ ಬಿದ್ದ, ಮೇಲಿದ್ದವರು ಹಗ್ಗ ಎಳೆದು ಉಳಿಸಿದರು. ಅವನು ಮರುದಿನ ಶಾಲೆಯ ಮಾಸ್ತರರಿಂದ ಒಂದು ಅರ್ಜಿ ಬರೆಸಿಕೊಂಡು ನೇರ ಪಂಚಾಕ್ಷರಯ್ಯನ ಹತ್ತಿರ ಬಂದ. ಹೊಸ್ತಿಲ ಹೊರಗೆ ನಿಂತು ಹೇಳಿದ.

“ಅಯ್ಯಾರ, ಗುಂಡ್ಯಾಗ ಕೆಟ್ಟ ಗಾಳಿ ಐತ್ರಿ. ಮೋಟಾರು ಹಚ್ಚಿ ತಗಸ್ರಿ, ಇಲ್ಲಾ ಮುಖಕ್ಕ ಹಾಕ್ಕೊಳ್ಳಾಕ ಏನರ ಕೊಡ್ಸರಿ. ನನಗ ಒಬ್ಬ ಮಗಳದಾಳ್ರಿ.”

ಪಂಚಾಕ್ಷರಯ್ಯನಿಗೆ ಅಯ್ಯೋ ಅನಿಸಿತು. ನಿಜವಾಗಿಯೂ ಅನಿಸಿತು. ಅರ್ಜಿ ತೆಗೆದುಕೊಂಡು ಧಣಿಯ ಮುಂದಿಟ್ಟ. ಧಣಿ ಓದಲಿಲ್ಲ. “ಏನರ ಉತ್ತರಾ ಬರದು ಕಳಸ್ರಿ” ಅಂದ. ಪಂಚಾಕ್ಷರಯ್ಯ ಕಾರ್ಖಾನೆಯ ಹೆಸರಿರುವ ಗಟ್ಟಿ ಕಾಗದದ ಮೇಲೆ ಇಂಗ್ಲಿಷಿನಲ್ಲಿ ಉತ್ತರ ಬರೆದ. ನಿಮ್ಮ ಅರ್ಜಿ ಮುಟ್ಟಿದೆ, ಗುಂಡಿಯ ವಿಷಯವನ್ನು ಆಡಳಿತದವರು ಡೀಪ್ಲಿ ಪರಿಶೀಲಿಸುತ್ತಿದ್ದಾರೆ. ಕೆಳಗೆ ತಾರೀಖು, ತನ್ನ ಸಹಿ. ದುರುಗಪ್ಪ ಅದನ್ನು ಎರಡೂ ಕೈಯಲ್ಲಿ ಇಸಿದುಕೊಂಡ.

“ಏನ್ ಬರ್ದೀರಿ ಅಯ್ಯಾರ?”

“ಆಳವಾಗಿ ನೋಡ್ತೀವಿ ಅಂತ ಬರದೀನಪ್ಪ.”

“ಹಂಗಾದ್ರ ಯಾರರ ಇಳದು ನೋಡ್ತಾರೇನ್ರಿ?”

ಪಂಚಾಕ್ಷರಯ್ಯ ನಕ್ಕ. ಪಾಪ, ಏನೂ ತಿಳಿಯದವನು ಅಂತ ನಕ್ಕ. ಯಾರೂ ಇಳಿಯಲಿಲ್ಲ. ಯಾರೂ ಗುಂಡಿಯ ಹತ್ತಿರ ಹೋಗಲೂ ಇಲ್ಲ. ಪಂಚಾಕ್ಷರಯ್ಯನ ಮೇಜಿನಿಂದ ಆ ಗುಂಡಿಗೆ ಇನ್ನೂರು ಹೆಜ್ಜೆ. ಇನ್ನೂರೇ ಹೆಜ್ಜೆ. ಎರಡು ತಿಂಗಳಲ್ಲಿ ಒಮ್ಮೆಯೂ ಅವನು ಆ ಇನ್ನೂರು ಹೆಜ್ಜೆ ಇಡಲಿಲ್ಲ.

ಎರಡು ತಿಂಗಳ ಮೇಲೆ ಒಂದು ಸೋಮವಾರ ಬೆಳಿಗ್ಗೆ ಪೈಪು ಕಟ್ಟಿಕೊಂಡಿತು. ದುರುಗಪ್ಪ ಇಳಿದ. ಮೇಲೆ ಬರಲಿಲ್ಲ. ಕೂಗು ಕೇಳಿ ಪಂಚಾಕ್ಷರಯ್ಯ ಓಡಿ ಹೋದಾಗ ಆಗಲೇ ಹೆಣವನ್ನು ಎತ್ತಿ ನೆಲದ ಮೇಲೆ ಮಲಗಿಸಿದ್ದರು. ಮೈಯೆಲ್ಲ ಬಿಳಿಯ ಕೆಸರು. ಯಾರೋ ಬಾಯಿಯ ಕೆಸರನ್ನು ಬೆರಳಲ್ಲಿ ತೆಗೆಯುತ್ತಿದ್ದರು. ಪಂಚಾಕ್ಷರಯ್ಯ ಮೂಗಿಗೆ ಕರ್ಚೀಫು ಹಿಡಿದು ನಿಂತ. ಆಮೇಲೆ ನಾಚಿಕೆಯಾಗಿ ಕರ್ಚೀಫು ಕಿಸೆಗೆ ಹಾಕಿಕೊಂಡ.

ಸಂಜೆ ಧಣಿ ಕರೆದ.

“ಹೆಂಡ್ತಿಗೆ ಒಂದು ಕಾಗದಾ ಬರೀರಿ. ಚಲೋ ಕಾಗದಾ. ನಿಮ್ಮ ಆ ಮಾತು ಹಾಕ್ರಿ.”

ಹಾಕಿದ. ಕಾರ್ಖಾನೆಯ ಕುಟುಂಬ ನಿಮ್ಮ ಪತಿಯ ಸಾವಿಗೆ ಡೀಪ್ಲಿ ವಿಷಾದಿಸುತ್ತದೆ. ನೋಡಿ, ಒಂದಕ್ಷರವೂ ಕೆಡಲಿಲ್ಲ.

ಕಾಗದಕ್ಕೆ ಸಹಿ ಹಾಕಿ ಧಣಿ ಕೇಳಿದ, “ಅವ ಮೊದಲ ಏನೋ ಅರ್ಜಿ ಕೊಟ್ಟಿದ್ದನಲ್ರಿ?”

“ಕೊಟ್ಟಿದ್ದನ್ರಿ. ಅರ್ಜಿ ನಮ್ಮ ಫೈಲಿನಾಗ ಐತಿ. ಉತ್ತರಾ ಅವನ ಮನ್ಯಾಗ ಐತಿ.”

“ಫೈಲಿಂದು ನಾ ನೋಡ್ಕೋತೀನಿ. ಅವನ ಮನ್ಯಾಗ ಇರೂದು ನಿಮ್ಮ ಸಹೀದು. ಗೊತ್ತಿದ್ದೂ ಸುಮ್ಮನಿದ್ದವರು ಯಾರು ಅಂತ ನಾಳೆ ಕೇಳಿದ್ರ ನಿಮ್ಮ ಹೆಸರ ಬರೂದು, ಅಯ್ಯಾರ. ನೀವ ನೋಡ್ಕೋರಿ.”

ಆ ರಾತ್ರಿ ಪಂಚಾಕ್ಷರಯ್ಯ ಮಲಗಿದನೋ ಇಲ್ಲವೋ, ನನಗೆ ಗೊತ್ತಿಲ್ಲ. ಅದು ಮುಖ್ಯವೂ ಅಲ್ಲ. ನಿದ್ದೆಗೆಟ್ಟವರೆಲ್ಲ ಒಳ್ಳೆಯವರಾಗುವುದಿದ್ದರೆ ಈ ಲೋಕ ಎಂದೋ ಉದ್ಧಾರವಾಗುತ್ತಿತ್ತು.

ಅವನು ಆ ಕಾಗದ ಹುಡುಕಿಕೊಂಡು ಹೋಗಬೇಕಾಗಿ ಬರಲಿಲ್ಲ. ಅದೇ ಅವನನ್ನು ಹುಡುಕಿಕೊಂಡು ಬಂತು. ಒಂಬತ್ತನೆಯ ದಿನ ದುರುಗಪ್ಪನ ಹೆಂಡತಿ ಹುಲಿಗೆವ್ವ ಅವನ ಮನೆಗೆ ಬಂದಳು. ರೇಶನ್ ಕಾರ್ಡಿನ ಜೊತೆ ಪ್ಲಾಸ್ಟಿಕ್ ಚೀಲದಲ್ಲಿ ಸುತ್ತಿಟ್ಟಿದ್ದ ಎರಡೂ ಕಾಗದ ತಂದಿದ್ದಳು. ಅಂಗಳದಲ್ಲಿ ಕೂತು ಕೇಳಿದಳು.

“ನಾಳೆ ವಿಚಾರಣೆ ಮಾಡೂ ಸಾಹೇಬ್ರು ಬರ್ತಾರಂತ್ರಿ. ಇವನ್ನ ತೋರಿಸ್ಬೇಕೋ ಬ್ಯಾಡೋ ನನಗ ತಿಳಿವಲ್ದು. ಓದಿದವರು ನೀವೊಬ್ರ ಗೊತ್ತಿರೂದು. ಎರಡರಾಗೂ ಒಂದ ಮಾತು ಐತಿ ಅಂತ ನನ್ನ ಮಗಳು ಬಟ್ಟು ಇಟ್ಟು ತೋರಿಸಿದ್ಲು. ಏನ್ರಿ ಅದು?”

“ಆಳವಾಗಿ ಅಂತವ್ವ. ಒಂದರಾಗ ಆಳವಾಗಿ ನೋಡ್ತೀವಿ ಅಂತ, ಇನ್ನೊಂದರಾಗ ಆಳವಾಗಿ ದುಃಖ ಆಗೈತಿ ಅಂತ.”

ಬೈಯುತ್ತಾಳೆ ಅಂತ ಪಂಚಾಕ್ಷರಯ್ಯ ತಲೆ ತಗ್ಗಿಸಿದ. ಅವಳು ಬೈದಿದ್ದರೆ ಅವನು ಉಳಿಯುತ್ತಿದ್ದನೋ ಏನೋ. ಅವಳು ಅಂದದ್ದು ಇಷ್ಟು.

“ಭಾಳ ಚಲೋ ಮಾತು ಬರ್ದೀರಿ ಅಯ್ಯಾರ. ನಮ್ಮಂಥವರಿಗೆ ಇಂಥಾ ಮಾತು ಯಾರು ಬರೀತಾರ?”

ಮೊದಲ ಕಾಗದವನ್ನು ಪಂಚಾಕ್ಷರಯ್ಯ ಮಡಚಿದ. “ಇದು ನನ್ನ ಹತ್ರ ಇರ್ಲವ್ವ” ಅಂದ. “ನಿಮ್ಮ ಮನ್ಯಾಗ ಸೋರ್ತೈತಿ, ತೋಯ್ದು ಹೋದೀತು. ಸಾಹೇಬ್ರಿಗೆ ನಾನ ತೋರಿಸ್ತೀನಿ. ಇನ್ನೊಂದು ನೀನ ಇಟ್ಕೋ.”

ಅವಳು ಅವನ ಕಾಲಿಗೆ ಕೈಮುಟ್ಟಿಸಿ ಎದ್ದು ಹೋದಳು. ವಿಷಾದದ ಕಾಗದಕ್ಕೆ ಕಟ್ಟು ಹಾಕಿಸಿ, ಗಂಡನ ಫೋಟೋದ ಪಕ್ಕ ತೂಗುಹಾಕಿ, ಎರಡಕ್ಕೂ ಹೂ ಏರಿಸಿದಳು. ಅವಳು ಓಣಿ ದಾಟುವ ಮೊದಲೇ ಪಂಚಾಕ್ಷರಯ್ಯ ಇನ್ನೊಂದನ್ನು ಬಚ್ಚಲ ಒಲೆಗೆ ಹಾಕಿದ್ದ.

ಮರುದಿನ ಸಾಹೇಬರು ಬಂದರು. ಹುಲಿಗೆವ್ವನನ್ನು ಕರೆದು ಕೇಳಿದರು. ಅವಳು ಹೇಳಿದಳು, “ನನಗೇನ್ ತಿಳಿತೈತ್ರಿ. ಅಯ್ಯಾರಿಗೆ ಎಲ್ಲಾ ಗೊತ್ತು, ಅವರನ್ನ ಕೇಳ್ರಿ.”

ಸಾಹೇಬರು ಅವನ ಕಡೆ ತಿರುಗಿದರು. ಗುಂಡಿಯ ಬಗ್ಗೆ ಮೊದಲು ಯಾರಾದರೂ ದೂರು ಕೊಟ್ಟಿದ್ದರೇ?

“ಇಲ್ರಿ” ಅಂದ ಪಂಚಾಕ್ಷರಯ್ಯ.

ಕೇಳಿಸಿತೇ? ಅಷ್ಟು ಇಂಗ್ಲಿಷ್ ಬರುತ್ತಿದ್ದ ಮನುಷ್ಯ. ಅಷ್ಟು ಅಲಂಕಾರ, ಅಷ್ಟು ಪದ. ಕೊನೆಗೆ ಕೊಲ್ಲಲು ಬೇಕಾದದ್ದು ಎರಡಕ್ಷರದ ಕನ್ನಡ. ದುರುಗಪ್ಪ ಹೇಳದೆ ಕೇಳದೆ ಅಜಾಗರೂಕತೆಯಿಂದ ತಾನೇ ಇಳಿದಿದ್ದಾನೆ ಅಂತ ವರದಿ ಆಯಿತು. ಧಣಿ ದೊಡ್ಡ ಮನಸ್ಸು ಮಾಡಿ ಹುಲಿಗೆವ್ವನಿಗೆ ಕಚೇರಿಯ ಕಸ ಹೊಡೆಯುವ ಕೆಲಸ ಕೊಟ್ಟ. ದಿನಾ ಬೆಳಿಗ್ಗೆ ಅವಳು ಪಂಚಾಕ್ಷರಯ್ಯನ ಮೇಜು ಒರೆಸುತ್ತಿದ್ದಳು. “ಊಟ ಆತೇನ್ರಿ ಅಯ್ಯಾರ?” ಅಂತ ದಿನಾ ಮಧ್ಯಾಹ್ನ ಕೇಳುತ್ತಿದ್ದಳು. ಹೀಗೆ ನಾಲ್ಕು ವರ್ಷ.

ನಾಲ್ಕು ವರ್ಷದ ಮೇಲೆ ಒಂದು ಭಾನುವಾರ ಅವಳ ಮಗಳು ಪವಿತ್ರಾ ಪಂಚಾಕ್ಷರಯ್ಯನ ಮನೆಗೆ ಬಂದಳು. ಪಿಯುಸಿ ಎರಡನೆಯ ವರ್ಷ ಓದುತ್ತಿದ್ದಳು. ಕೈಯಲ್ಲಿ ಒಂದು ಹಳೆಯ ಕಾಪಿ ಪುಸ್ತಕ. ಕೂರು ಅಂದರೆ ಕೂರಲಿಲ್ಲ.

“ಎಂಟನೇತ್ತದಾಗ ನಮ್ಮ ಮಾಸ್ತರು ದಿನಾ ಒಂದು ಪುಟ ಇಂಗ್ಲಿಷ್ ಕಾಪಿ ಬರೀರಿ ಅಂತಿದ್ರು. ನಮ್ಮ ಮನ್ಯಾಗ ಇಂಗ್ಲಿಷ್ ಅಂತ ಇದ್ದದ್ದು ನೀವು ಅಪ್ಪಗ ಕೊಟ್ಟ ಆ ಕಾಗದ ಒಂದ. ಅದನ್ನ ನೋಡಿ ನೋಡಿ ಬರದೀನ್ರಿ. ತಾರೀಖು ಸೈತ, ನಿಮ್ಮ ಸಹಿ ಸೈತ. ಆವಾಗ ತಿಳೀತಿರಲಿಲ್ಲ. ಈಗ ತಿಳೀತೈತಿ.”

ಪುಸ್ತಕ ತೆರೆದು ತೋರಿಸಿದಳು. ಒಂದೇ ಕಾಗದ, ಹನ್ನೊಂದು ಸಲ, ದುಂಡನೆಯ ಅಕ್ಷರದಲ್ಲಿ. ಪಂಚಾಕ್ಷರಯ್ಯನ ಸಹಿಯನ್ನೂ ಹನ್ನೊಂದು ಸಲ ತಿದ್ದಿದ್ದಳು.

“ವಕೀಲರ ಹತ್ರ ಹೋಗಿದ್ದೆ. ಈ ಕಾಪಿ ನಡ್ಯಂಗಿಲ್ಲಂತ, ಮೂಲ ಕಾಗದ ಬೇಕಂತ. ಐತೇನ್ರಿ?”

“ಇಲ್ಲವ್ವ” ಅಂದ ಪಂಚಾಕ್ಷರಯ್ಯ. “ಸುಟ್ಟೆ.”

ನಾಲ್ಕು ವರ್ಷದಲ್ಲಿ ಅವನ ಬಾಯಿಂದ ಬಂದ ಮೊದಲ ನಿಜ ಅದು. ಅದರಿಂದ ಯಾರಿಗೂ ಏನೂ ಉಪಯೋಗ ಇರಲಿಲ್ಲ.

ಅವಳು ಅಳಲಿಲ್ಲ, ಜಗಳ ಮಾಡಲಿಲ್ಲ. ಪುಸ್ತಕ ಮುಚ್ಚಿದಳು.

“ಅವ್ವಗ ನಾ ಹೇಳಿಲ್ಲ, ನೀವೂ ಹೇಳಬ್ಯಾಡ್ರಿ. ಗಂಡ ಹ್ವಾದ. ಅಯ್ಯಾರು ನಮ್ಮ ಪಾಲಿನ ದೇವರು ಅಂತ ಒಂದು ನಂಬಿಕಿ ಹಿಡಕೊಂಡಾಳ, ಅದನ್ನೂ ನಾ ಕಸಗೊಂಡ್ರ ಆಕಿಗೆ ಏನ್ ಉಳೀತೈತ್ರಿ?” ಬಾಗಿಲವರೆಗೆ ಹೋಗಿ ನಿಂತಳು. “ಇನ್ನೊಂದು. ನೀವು ಆಕಿ ಕೊಟ್ಟ ನೀರ ಕುಡ್ಯಂಗಿಲ್ಲಂತ. ನಮ್ಮ ಜಾತಿ ನೋಡಿ ಬ್ಯಾಡ ಅಂತಾರ ಅಂದ್ಕೊಂಡಾಳ. ಯಾಕ ಕುಡ್ಯಂಗಿಲ್ಲ ಅಂತ ನನಗ ಗೊತ್ತೈತಿ. ನಾಳಿಂದ ಕುಡೀರಿ.”

ಕುಡಿದ. ಮರುದಿನ ಕುಡಿದ, ಅದರ ಮರುದಿನ ಕುಡಿದ. ನಿವೃತ್ತನಾಗುವ ತನಕ, ದಿನಾ ಮಧ್ಯಾಹ್ನ, ಹುಲಿಗೆವ್ವ ಸಂತೋಷದಿಂದ ತಂದುಕೊಟ್ಟ ಒಂದು ಲೋಟ ನೀರು. ಯಾವ ನ್ಯಾಯಾಲಯವೂ ಇಂಥ ಶಿಕ್ಷೆ ಕೊಟ್ಟದ್ದನ್ನು ನಾನು ಕೇಳಿಲ್ಲ.

ಈಗ ಹೇಳಿ. ಧಣಿ ಕೆಟ್ಟವನು ಅಂತ ಬೈದು ಮನೆಗೆ ಹೋಗುತ್ತೀರೇನು? ಬೈಯಿರಿ, ಅವನಿಗೇನೂ ಆಗುವುದಿಲ್ಲ. ನಾನು ಕೇಳುವುದು ನಿಮ್ಮನ್ನು. ಇವತ್ತು ಬೆಳಿಗ್ಗೆಯಿಂದ ಎಷ್ಟು ಸತ್ತವರ ಫೋಟೋಕ್ಕೆ ಮೊಬೈಲಿನಲ್ಲಿ ಕೈಮುಗಿದಿರಿ? ಅದರಲ್ಲಿ ಎಷ್ಟು ಮನೆಗೆ ಕಾಲಲ್ಲಿ ನಡೆದು ಹೋದಿರಿ? ‘ನೋಡೋಣ’ ಅಂತ ಎಷ್ಟು ಜನರಿಗೆ ಹೇಳಿದ್ದೀರಿ? ಆ ಮಾತು ನಂಬಿ ಯಾರೋ ಒಬ್ಬ ಯಾವುದೋ ಗುಂಡಿಗೆ ಇಳಿಯುತ್ತಿದ್ದಾನೆ, ನೆನಪಿರಲಿ. ನೋಡುತ್ತೇನೆ ಅಂದ ಮೇಲೆ ಅದೇ ದಿನ ಎದ್ದು ಹೋಗಿ ನೋಡಿ. ಆಗದಿದ್ದರೆ ಆಗದು ಅಂತ ಮುಖದ ಮೇಲೆ ಹೇಳಿ, ಅವನು ಬೇರೆ ಬಾಗಿಲಾದರೂ ತಟ್ಟುತ್ತಾನೆ. ಓದು ಬಾರದವರು ಕಾಗದ ಹಿಡಿದು ಬಂದರೆ ಇದ್ದದ್ದನ್ನು ಇದ್ದಹಾಗೆ ಓದಿ ಹೇಳಿ, ಓದಿ ಅವರ ಕೈಗೇ ವಾಪಸು ಕೊಡಿ. ಸಹಿ ಹಾಕುವವರು ಇಲ್ಲಿ ಬಹಳ ಜನ ಇದ್ದೀರಿ. ಹಾಕುವ ಮೊದಲು ಕುರ್ಚಿ ಬಿಟ್ಟು ಏಳಿ.

ನಾನು ನಿಮಗಷ್ಟೇ ಹೇಳಿ ತಪ್ಪಿಸಿಕೊಳ್ಳುವುದಿಲ್ಲ. ಈ ಮಠದ ಹಿಂದೆಯೂ ಒಂದು ಗುಂಡಿ ಇದೆ. ದಾಸೋಹದ ಪಾತ್ರೆ ತೊಳೆದ ನೀರು, ನಾವೆಲ್ಲ ಉಂಡು ಬಿಟ್ಟದ್ದು, ಅಲ್ಲಿಗೇ ಹೋಗುತ್ತದೆ. ಹದಿನೇಳು ವರ್ಷದಿಂದ ನಾನು ಇಲ್ಲಿ ಪ್ರವಚನ ಹೇಳುತ್ತಿದ್ದೇನೆ. ಅದಕ್ಕೆ ಇಳಿಯುವವನ ಹೆಸರು ಇವತ್ತು ಬೆಳಿಗ್ಗೆಯ ತನಕ ನನಗೆ ಗೊತ್ತಿರಲಿಲ್ಲ. ಹೋಗಿ ಕೇಳಿಕೊಂಡು ಬಂದೆ. ಕರಿಯಪ್ಪ. ಇನ್ನು ಮೇಲೆ ಅವನು ಇಳಿಯುವುದಿಲ್ಲ, ಯಾರೂ ಇಳಿಯುವುದಿಲ್ಲ. ಯಂತ್ರ ಬರುವ ತನಕ ದಾಸೋಹ ನಿಂತರೂ ಸರಿ.

ಅವನು ಇಲ್ಲೇ ಇದ್ದಾನೆ, ಹಿಂದೆ, ಚಪ್ಪಲಿ ಬಿಡುವ ಜಾಗದಲ್ಲಿ ನಿಂತು ಕೇಳುತ್ತಿದ್ದಾನೆ. ಬಾ ಕರಿಯಪ್ಪ, ಒಳಗೆ ಬಾ. ಈಗ ಪಂಕ್ತಿ ಹಾಕುತ್ತಾರೆ, ಅವನು ಮೊದಲು ಕೂರಲಿ. ಅವನ ಪಕ್ಕದಲ್ಲಿ ಯಾರು ಕೂರುತ್ತೀರಿ ಅಂತ ನಾನು ಕೇಳುವುದಿಲ್ಲ. ನೋಡುತ್ತೇನೆ.