ಉದುರಬಾರದ ಹೂ

ಅಯ್ಯೋ ನಿನ್ನ! ಹಿಂದಿನಿಂದ ಬೆಕ್ಕಿನ ಹಾಗೆ ಬಂದು ನಿಂತ್ಕೊಂಡ್ರೆ ಜೀವ ಹೋಗಲ್ವೇನೇ? ...ಇಲ್ಲ, ಇಲ್ಲ, ನಿನ್ನ ಗಿಡಕ್ಕೆ ಯಾರು ನೀರು ಹಾಕಿದ್ರು? ನಾನು ನನ್ನ ಗಿಡಕ್ಕೆ ಅಂತ ಬಂದೆ. ಹಾಳಾದ ಪೈಪು, ತಾನಾಗೇ ಈ ಕಡೆ ತಿರುಗಿಕೊಳ್ತು. ಹುಬ್ಬು ಯಾಕೆ ಏರಿಸ್ತೀಯ? ಪೈಪಿಗೆ ಬುದ್ಧಿ ಇರುತ್ತಾ?

ನಾವಿಬ್ರೂ ಮಾತು ಬಿಟ್ಟಿದ್ದೀವಿ, ನೆನಪಿದೆ ನನಗೆ. ಇದು ಮಾತಲ್ಲ... ಸುಮ್ನೆ ಗಾಳಿಗೆ ಹೇಳ್ತಿರೋದು. ಅಲ್ಲಿ ನಿಂತಿರೋರ ಕಿವಿಗೆ ಬಿದ್ರೆ ನಾನೇನು ಮಾಡ್ಲಿ!

ಅಬ್ಬಬ್ಬಾ, ಹೇಗೆ ತುಟಿ ಹೊಲ್ಕೊಂಡು ನಿಂತಿದ್ದಾಳೆ ನೋಡು! ನೀನು ಈ ಮನೆಗೆ ಬಂದ ಹೊಸದ್ರಲ್ಲಿ ಮಾತಿನಮಲ್ಲಿ ಅಂತ ಹೆಸರಿಟ್ಟವಳೇ ನಾನು. ನನಗೆ ಓರಗಿತ್ತಿ ತಂದಿದ್ದೀರೋ ರೇಡಿಯೋ ತಂದಿದ್ದೀರೋ ಅಂತ ನಿಮ್ಮ ಭಾವನ ಹತ್ರ ದೂರಿದ್ದೆ. ಈಗ ನೋಡಿದ್ರೆ... ಊಟಕ್ಕೆ ನನ್ನ ಎದುರಿಗೇ ಕೂತ್ಕೊಂಡು, "ಅತ್ತೆ, ಉಪ್ಪು ಈ ಕಡೆ ಕೊಡೋಕೆ ಹೇಳಿ" ಅಂತೀಯ. ಪಾಪ ಅತ್ತೆ! ಉಪ್ಪು ದಾಟಿಸಿ ದಾಟಿಸಿ ಸಾಕಾಗಿ, ನಿನ್ನೆ ತಟ್ಟೆ ಎತ್ಕೊಂಡು ಅಡುಗೆಮನೆಗೇ ಹೋಗಿಬಿಟ್ರು.

ನಗ್ಬೇಡ! ...ನಕ್ಕೆ ನೀನು. ನಾನು ನೋಡಿದೆ.

ಅಷ್ಟಕ್ಕೂ ಆವತ್ತು ನಾನೇನು ಅಂದೆ? "ನೀನು ಗಿಡಕ್ಕೆ ನೀರು ಹಾಕಲ್ಲ, ಗಿಡದ ಮುಖ ತೊಳೀತೀಯ" ಅಂದೆ. ಅಷ್ಟೇ ತಾನೆ? ಎಲೆ ಮೇಲೆ ಚಿಮುಕಿಸಿಬಿಟ್ರೆ ಎಲ್ಡರ್‌ಫ್ಲವರ್ ಅನ್ನೋ ಈ ಬಿಳೀ ಗೊಂಚಲು ಹೂವಿನ ಗಿಡಕ್ಕೆ ಸಾಕಾಗುತ್ತಾ? ಬುಡಕ್ಕೆ ಇಳೀಬೇಕು! ಸರಿ, ಆಮೇಲೆ ಇನ್ನೊಂದೆರಡು ಮಾತು ಅಂದೆ. ಹೌದು, ಅಂದೆ! ಆದ್ರೆ ನೀನು? ಎಲ್ಲರ ಮುಂದೆ ಮೇಜು ಕುಟ್ಟಿ ಹೇಳಿದೆ: "ನಾವು ಬೇರೆ ಮನೆ ಮಾಡ್ತೀವಿ. ನನ್ನ ಗಿಡದ ಹೂ ಉದುರಲಿ, ಅವತ್ತೇ ಬೇರುಸಮೇತ ಕಿತ್ಕೊಂಡು ಹೊರಡ್ತೀನಿ!" ನನ್ನ ಮೈದುನನೋ, ಬಾಯಿಗೆ ಹಾಕಿದ ತುತ್ತು ನುಂಗೋದೂ ಮರೆತು ಕೂತಿದ್ದ. ಹೂ ಬಿಟ್ಟಿರೋ ಗಿಡ ಕೀಳಬಾರದು ಅಂತ ಮಾತ್ರ ಚೆನ್ನಾಗಿ ಗೊತ್ತು, ಜಾಣೆ.

ಹೋಗು! ನನಗೇನು? ಒಲೆ ಪೂರ್ತಿ ನಂದೇ. ಸ್ನಾನದ ಮನೆ ಬಾಗಿಲು ಬಡಿಯೋರಿಲ್ಲ. ಆರಾಮ! ನಿನ್ನ ಕೋಣೆ ಕಿಟಕಿ ಹತ್ರ ನನ್ನ ಹೊಲಿಗೆ ಯಂತ್ರ ಹಾಕ್ಕೊಳ್ತೀನಿ. ಮೊನ್ನೆ ನೀನು ಕೆಲಸಕ್ಕೆ ಹೋದಾಗ ಟೇಪು ಹಿಡ್ಕೊಂಡು ಹೋಗಿ ನೋಡಿಯೂ ಬಂದೆ. ಮಂಚದ ಮೇಲೆ ಕೂತೆ ಸ್ವಲ್ಪ ಹೊತ್ತು... ಅಳತೆ ತಗೊಳ್ಳೋದೇ ಮರೆತುಹೋಯ್ತು. ವಯಸ್ಸಾಯ್ತು ನನಗೆ, ಇನ್ನೇನಿಲ್ಲ.

ಏನು ನೋಡ್ತಿದ್ದೀಯ? ಕಾಲಾ? ತೋಟಕ್ಕೆ ಬಂದ್ರೆ ಕಾಲಿಗೆ ಕೆಸರಾಗದೆ ಬೆಣ್ಣೆಯಾಗುತ್ತಾ! ಮತ್ತೆ ನನ್ನ ಗಿಡ ಯಾಕೆ ತೋರಿಸ್ತೀಯ? ಹೂಂ... ಬುಡದ ಮಣ್ಣು ಬಿರುಕು ಬಿಟ್ಟಿದೆ. ಎಲೆ ಜೋತುಬಿದ್ದಿದೆ. ಇವತ್ತು ಹಾಕೋಣ ಅಂತಿದ್ದೆ. ನಿನ್ನೆಯೂ ಹಾಕೋಣ ಅಂತಿದ್ದೆ...

ಸಾಕು, ಹಾಗೆ ನೋಡ್ಬೇಡ! ಕುಂಬಳಕಾಯಿ ಕಳ್ಳ ಅಂದ್ರೆ ಹೆಗಲು ಮುಟ್ಟಿ ನೋಡ್ಕೊಳ್ಳೋ ಹೆಂಗಸಲ್ಲ ನಾನು. ಹೌದಮ್ಮಾ, ಹಾಕಿದೆ ನಿನ್ನ ಗಿಡಕ್ಕೆ. ದಿನಾ ಬೆಳಗ್ಗೆ, ನೀವೆಲ್ಲ ಏಳೋಕೆ ಮುಂಚೆ. ಏನೀಗ? ನಮ್ಮಿಬ್ಬರ ಜಗಳಕ್ಕೆ ಮೂಕ ಗಿಡ ಯಾಕೆ ಒಣಗಬೇಕು ಅಂತ ಹಾಕಿದೆ. ಪುಣ್ಯದ ಕೆಲಸ! ಬೇರೇನೂ ಇಲ್ಲ. ಇದ್ದಿದ್ರೆ ಹೇಳ್ತಿರಲಿಲ್ವಾ?

ಆದ್ರೆ ಒಂದು ಅರ್ಥ ಆಗ್ತಿಲ್ಲ ಕಣೇ. ನಾನು ಹಾಕೋದು ಒಂದೇ ಹೊತ್ತು. ಬಂದು ನೋಡಿದ್ರೆ ಬುಡದಲ್ಲಿ ಆಗಲೇ ನೀರು ನಿಂತಿರುತ್ತೆ. ಮಳೆ ಇಲ್ಲ, ಮೋಡ ಇಲ್ಲ! ಅತಿಯಾದ್ರೆ ಅಮೃತವೂ ವಿಷ ಅಂತಾರಲ್ಲ, ಎಲೆ ಹಳದಿಯಾಗ್ತಿದೆ. ಯಾರೋ...

ಆ ಕೈ ಯಾಕೆ ಬೆನ್ನ ಹಿಂದೆ? ತೋರಿಸು. ತೋರಿಸೇ! ...ಜಗ್ಗು. ತುಂಬಿದ ಜಗ್ಗು!

ಅಲ್ವೇ, ನಿನ್ನ ಗಿಡಕ್ಕೆ ನೀರು ಹಾಕೋಕೆ ನೀನೇ ಕದ್ದು ಬರ್ತೀಯಾ? ಹೂ ಉದುರಲಿ ಅಂತ ಕಾಯ್ತಿರೋಳು ನೀನು! ಹಾಗಿದ್ಮೇಲೆ ಒಣಗೋಕೆ ಬಿಡಬೇಕಿತ್ತು. ನೀರು ಹಾಕೋದು ಯಾರು? ಹೂ ನಿಲ್ಲಲಿ, ಇನ್ನೊಂದು ವಾರ ನಿಲ್ಲಲಿ, ಉದುರಿದ್ರೆ ಇವಳು ಹೊರಟೇಹೋಗ್ತಾಳೆ ಅಂತ ಹೆದರ್ಕೊಂಡಿರೋರು ತಾನೆ...

...

ಏನಾದ್ರೂ ಅನ್ನೇ. ಬೈ ಬೇಕಾದ್ರೆ.

ಎಲ್ಲಿಗೆ ಹೋಗ್ತೀಯ? ಲೇ, ಅದು ನನ್ನ ಗಿಡ! ...ಬುಡಕ್ಕೇ ಸುರಿದೆ. ಒಂದು ಎಲೆಯೂ ನೆನೀಲಿಲ್ಲ. ಕಲಿತುಬಿಟ್ಟಿದ್ದೀಯ ಕಳ್ಳಿ.

ನೋಡು ಇಲ್ಲಿ, ಇಬ್ಬರೂ ಸೇರಿ ನಿನ್ನ ಗಿಡ ಮುಳುಗಿಸಿಬಿಟ್ವಿ. ಎರಡು ಗೊಂಚಲು ಪೂರ್ತಿ ಕೆಳಗೆ. ನೆಲ ಎಲ್ಲ ಬಿಳೀ... ಹೂ ಉದುರೋಕೆ ಶುರುವಾಯ್ತು ಕಣೇ.

ಯಾಕೆ ಕೂತೆ? ಸೀರೆ ಕೆಸರಾಗುತ್ತೆ, ಏಳು! ಏನು ಮಾಡ್ತಿದ್ದೀಯ... ಉದುರಿದ ಹೂ ಬಳಿದು ಖಾಲಿ ಜಗ್ಗಿಗೆ ತುಂಬ್ತಿದ್ದೀಯಾ?

...ತಡಿ, ಸರಿ ಆ ಕಡೆ. ಆ ಇಟ್ಟಿಗೆ ಸಂದಿಯಲ್ಲೂ ಇದೆ, ಅದು ನನಗೆ ಬಿಡು. ಬೇಗ ಬೇಗ ಆರಿಸೇ! ಅತ್ತೆ ಏಳೋದ್ರೊಳಗೆ ಒಂದು ಹೂವೂ ನೆಲದ ಮೇಲೆ ಕಾಣಬಾರದು.