ಬಟ್ಟೆ ಮುಚ್ಚಿದ ಫಲಕ

ಮಾನ್ಯ ಅಧ್ಯಕ್ಷರೇ, ಮೂವರು ತೀರ್ಪುಗಾರರೇ, ಸಂಘದ ಕಾರ್ಯದರ್ಶಿಗಳೇ, ಈ ವರ್ಷದ ಕಥಾ ಬಹುಮಾನ ಗೆದ್ದು ಮೊದಲ ಸಾಲಿನಲ್ಲಿ ಕೈಕಟ್ಟಿ ಕುಳಿತಿರುವ ತಂಗಿಯೇ, ಫ್ಯಾನಿನ ಕೆಳಗಿನ ಜಾಗ ಹಿಡಿಯಲೆಂದೇ ಬೇಗ ಬಂದಿರುವ ಹಿರಿಯರೇ, ಎಲ್ಲ ಸಭಿಕರೇ,

ಕಾರ್ಯಕ್ರಮದಲ್ಲಿ ನನ್ನ ಸರದಿ ಕೊನೆಗೆ ಇತ್ತು, 'ಪ್ರಾಯೋಜಕರ ಪರವಾಗಿ ಎರಡು ಮಾತು' ಎಂದು. ನಾನೇ ಅಧ್ಯಕ್ಷರನ್ನು ಬೇಡಿಕೊಂಡು ಮೊದಲಿಗೆ ಹಾಕಿಸಿಕೊಂಡೆ. ಯಾಕೆ ಎಂದು ಅವರು ಕೇಳಲಿಲ್ಲ, ಅದು ಅವರ ದೊಡ್ಡತನ. ಎರಡು ಮಾತು ಎಂದು ಎದ್ದವರು ಎಂದಾದರೂ ಎರಡಕ್ಕೆ ಕುಳಿತದ್ದುಂಟೇ? ನಾನೂ ಕೂರುವುದಿಲ್ಲ, ಸಹಿಸಿಕೊಳ್ಳಿ.

ಮೊದಲು ಕೃತಜ್ಞತೆ. ನಮ್ಮ ಯಜಮಾನರು ತಕ್ಕಡಿ ಅಂಗಡಿಯವರು ಎಂಬುದು ನಿಮಗೆಲ್ಲ ಗೊತ್ತು. ತಕ್ಕಡಿ ಮಾರುವುದು, ಕೆಟ್ಟದ್ದನ್ನು ರಿಪೇರಿ ಮಾಡುವುದು, ಅಷ್ಟೇ ಅವರ ಬದುಕು. ಅಂಥವರ ದುಡ್ಡನ್ನು ಈ ಸಂಘ ಕಥೆಗಾರರಿಗೆ ಕೊಡಲು ಒಪ್ಪಿಕೊಂಡಿತು. ಅವರಿಗೊಂದು ಕುರ್ಚಿಯನ್ನೂ ಕೊಟ್ಟಿತು. ವೇದಿಕೆಯ ಮೇಲೆ ಬನ್ನಿ ಎಂದು ಎಷ್ಟು ಕರೆದರೂ ಅವರು ಬಾಗಿಲ ಪಕ್ಕದ ಕೊನೆಯ ಕುರ್ಚಿಯಲ್ಲೇ ಕೂರುತ್ತಿದ್ದರು. ಎಂಥ ವಿನಯ ಎಂದು ನೀವು ಅಂದುಕೊಂಡಿರಿ. ವಿನಯ ಅಲ್ಲ ಸ್ವಾಮಿ. ಅಕಸ್ಮಾತ್ ಗುಟ್ಟು ಬಯಲಾದರೆ ಓಡಿಹೋಗಲು ಬಾಗಿಲು ಹತ್ತಿರ ಇರಲಿ ಎಂದು.

ಹೌದು, ನಗಬೇಡಿ. ನಮ್ಮ ಯಜಮಾನರು ತಾವೇ ದುಡ್ಡು ಕೊಟ್ಟು ಇಡಿಸಿದ ಬಹುಮಾನಕ್ಕೆ ತಾವೇ ಪ್ರತಿವರ್ಷ ಕಥೆ ಕಳಿಸುತ್ತಿದ್ದರು. ನನ್ನ ತಮ್ಮನ ಹೆಸರಿನಲ್ಲಿ, ಅವನ ವಿಳಾಸದಿಂದ. ಅಕ್ಷರ ನನ್ನದು, ಏಕೆಂದರೆ ಅವರ ಬರಹ ಅವರಿಗೇ ಓದಲು ಬರುತ್ತಿರಲಿಲ್ಲ. ಬೇಲಿಯೇ ಎದ್ದು ಹೊಲ ಮೇಯ್ದ ಹಾಗಾಗುವುದಿಲ್ಲವೇ ಎಂದು ನಾನೂ ಕೇಳಿದ್ದೆ.

“ಗೆದ್ರೆ ಏನು ಮಾಡ್ತೀರಿ?” ಅಂದೆ.

“ಬೇಡ ಅಂತ ಕಾಗದ ಬರೆದು ಎರಡನೆಯವರಿಗೆ ಕೊಡಿಸ್ತೀನಿ. ನಂಗೆ ದುಡ್ಡು ಬೇಡ ಕಣೇ, ಗೊತ್ತಾದ್ರೆ ಸಾಕು,” ಅಂದರು.

ಏನು ಗೊತ್ತಾಗಬೇಕಿತ್ತು? ಅದಕ್ಕೆ ಅವರ ಅಂಗಡಿಯ ಪದ್ಧತಿ ಹೇಳಬೇಕು. ತಾವು ರಿಪೇರಿ ಮಾಡಿದ ತಕ್ಕಡಿಯನ್ನು ಅವರು ತಾವೇ ಪರೀಕ್ಷೆ ಮಾಡುತ್ತಿರಲಿಲ್ಲ. ಎದುರಿನ ಬಾಡಿಗೆ ಸೈಕಲ್ ಅಂಗಡಿಯವರನ್ನೋ, ಬೀದಿಯಲ್ಲಿ ಹೋಗುವವರನ್ನೋ ಕರೆದು, ತಟ್ಟೆಗೆ ತೂಕದ ಬಟ್ಟು ಇಡಿಸಿ, ಮುಳ್ಳು ಎಲ್ಲಿ ನಿಂತಿದೆ ಹೇಳಿ ಅನ್ನುತ್ತಿದ್ದರು. ಮಾಡಿದವನ ಕಣ್ಣಿಗೆ ಮುಳ್ಳು ಯಾವಾಗಲೂ ನಡುವೆಯೇ ನಿಂತ ಹಾಗೆ ಕಾಣುತ್ತದೆ ಎಂಬುದು ಅವರ ಸಿದ್ಧಾಂತ. ಹೆತ್ತವರಿಗೆ ಹೆಗ್ಗಣ ಮುದ್ದು ಅನ್ನುವುದಿಲ್ಲವೇ, ಹಾಗೆ. ಕಥೆ ಬರೆಯುವ ಹುಚ್ಚು ಹತ್ತಿದಾಗ ಹೆಂಡತಿಗೆ ಓದಿ ಹೇಳಿದರು. ನಾನು ಚೆನ್ನಾಗಿದೆ ಅಂದೆ. ಹೆಂಡತಿಯ ಮಾತನ್ನು ಯಾವ ಗಂಡ ನಂಬುತ್ತಾನೆ? ಗುರುತಿಲ್ಲದವರು, ಹೆಸರು ನೋಡದೆ ತೂಗಿ ಹೇಳಬೇಕು ಅಂದರು. ಅದಕ್ಕೇ ಈ ಬಹುಮಾನ ಹುಟ್ಟಿತು. ಸಾಹಿತ್ಯ ಸೇವೆ ಎಂದು ನೀವು ಪ್ರತಿವರ್ಷ ಹೊಗಳುವಾಗ ಅವರು ಬಾಗಿಲ ಹತ್ತಿರ ಕೆಮ್ಮುತ್ತಿದ್ದುದು ಅದಕ್ಕೇ.

ಮಾನ್ಯ ತೀರ್ಪುಗಾರರೇ, ನೀವು ಒಂದು ವರ್ಷವೂ ಅವರಿಗೆ ಬಹುಮಾನ ಕೊಡಲಿಲ್ಲ. ಪ್ರತಿ ಕಥೆಗೂ ಒಂದು ಅಭಿಪ್ರಾಯ ಬರೆದು ಕಳಿಸುವುದು ನಿಮ್ಮ ಸೌಜನ್ಯ. ಒಂದು ವರ್ಷ ಬರೆದಿದ್ದಿರಿ, 'ಲೇಖಕರಿಗೆ ಅಂಗಡಿಯ ಪರಿಚಯ ಚೆನ್ನಾಗಿದೆ, ಮನುಷ್ಯರ ಪರಿಚಯ ಇನ್ನೂ ಆಗಬೇಕು' ಎಂದು. ಅದನ್ನು ಓದಿ ನಾನು ನಿಮಗೆ ಹಿಡಿಶಾಪ ಹಾಕಿದೆ. ಅವರು ಊಟ ಮಾಡುತ್ತಾ ನಕ್ಕರು. “ನೋಡು, ಮುಳ್ಳು ಎಲ್ಲಿ ನಿಂತಿದೆ ಅಂತ ಸರಿಯಾಗಿ ಹೇಳಿದಾರೆ,” ಅಂದರು. ಮಾರನೆಯ ದಿನದಿಂದ ಗಿರಾಕಿಗಳನ್ನು ಕೂರಿಸಿಕೊಂಡು ಮನೆಯ ಕಥೆ ಕೇಳಲು ಶುರುಮಾಡಿದರು. ವ್ಯಾಪಾರ ಸ್ವಲ್ಪ ಕೆಟ್ಟಿತು, ಅದು ಬೇರೆ ಮಾತು.

ಈಗ ಅವರಿಲ್ಲ. ಕೊನೆಯ ಕಥೆಯೊಂದು ಮುಗಿದಿತ್ತು. ಕಾರ್ಯದರ್ಶಿಗಳು ನನ್ನನ್ನು ಮಾತಾಡಿಸಲು ಮನೆಗೆ ಬಂದಾಗ ದುಃಖದಲ್ಲಿ ಬಾಯಿ ತಡೆಯದೆ ಎಲ್ಲವನ್ನೂ ಹೇಳಿಬಿಟ್ಟೆ. ಈ ಸಲವೂ ತಮ್ಮನ ಹೆಸರಿನಲ್ಲೇ ಕಳಿಸುತ್ತೇನೆ ಎಂದೂ ಹೇಳಿದೆ. ಅವರ ಕಣ್ಣಲ್ಲಿ ನೀರು ಬಂತು. ಅದನ್ನು ನೋಡಿದ ನನ್ನ ಮಗ, ಈಗ ಅಂಗಡಿ ನೋಡಿಕೊಳ್ಳುವವನು, ಅಗೋ ಮೂರನೆಯ ಸಾಲಿನಲ್ಲಿದ್ದಾನೆ, ಕಾರ್ಯದರ್ಶಿಗಳು ಹೊರಟಮೇಲೆ ನನಗೆ ಹೇಳಿದ.

“ಅಮ್ಮಾ, ನೋಡ್ತಿರು, ಈ ಸಲ ಅಪ್ಪನಿಗೇ ಬರುತ್ತೆ. ಹಾಗೇನಾದ್ರೂ ಬಂದ್ರೆ ಮುಂದಿನ ವರ್ಷದಿಂದ ನಾನು ದುಡ್ಡು ಕೊಡಲ್ಲ. ಬದುಕಿದ್ದಾಗ ತೂಕ ಇರಲಿಲ್ಲ, ಸತ್ತಮೇಲೆ ಎಲ್ಲಿಂದ ಬಂತು?”

ಸಭಿಕರೇ, ನನ್ನ ಸಂಕಟ ನೋಡಿ. ಅವರು ಗೆದ್ದರೆ ಅವರ ಬಹುಮಾನ ನಿಂತುಹೋಗುತ್ತದೆ. ಸೋತರೆ ಉಳಿಯುತ್ತದೆ. ಉಳಿಯಲಿ ಎಂದು ದಿನವೂ ಅಂದುಕೊಂಡೆ. ಆದರೂ ಈ ಸಭಾಂಗಣದಲ್ಲಿ ಒಂದೇ ಒಂದು ಸಲ, ದುಡ್ಡು ಕೊಟ್ಟವರೆಂದಲ್ಲ, ಕಥೆಗಾರರೆಂದು ಅವರ ಹೆಸರು ಮೈಕಿನಲ್ಲಿ ಕೇಳಬೇಕು ಎಂಬ ಆಸೆ ಹೋಗಲಿಲ್ಲ. ಇವತ್ತಿಗೂ ಹೋಗಿಲ್ಲ.

ಫಲಿತಾಂಶ ಬಂತು. ಗೆದ್ದವರು ಔಷಧಿ ಅಂಗಡಿಯಲ್ಲಿ ಕೆಲಸ ಮಾಡುವ ಈ ತಂಗಿ. ಸತ್ತುಹೋದ ಗಂಡನ ಮಾತ್ರೆಗಳನ್ನು ತಿಂಗಳು ತಿಂಗಳೂ ಕೊಳ್ಳಲು ಬರುವ ಹೆಂಗಸಿನ ಕಥೆ. ತಾಯೀ, ನಾನು ಅಂಥವಳಲ್ಲ. ನಮ್ಮವರ ಉಳಿದ ಮಾತ್ರೆಗಳನ್ನು ವಾರದೊಳಗೆ ವಾಪಸು ಕೊಟ್ಟು ಬಂದವಳು. ಆದರೂ ನಿನ್ನ ಕಥೆ ಓದಿ ಅಡುಗೆಮನೆಯಲ್ಲಿ ಕೂತು ಅತ್ತೆ. ಅವರು ಹೋದಾಗಲೂ ಅಷ್ಟು ಅತ್ತಿರಲಿಲ್ಲ, ಬಂದುಹೋಗುವವರನ್ನು ನೋಡಿಕೊಳ್ಳುವುದೇ ಆಗಿತ್ತು. ಅತ್ತು ಮುಗಿದಮೇಲೆ, ನಮ್ಮವರ ಕಥೆ ಸೋತದ್ದು ಸರಿ ಅನ್ನಿಸಿತು. ಅವರ ಕಥೆಗೆ ಬಂದ ಅಭಿಪ್ರಾಯ, 'ಕೊನೆಯ ಪುಟ ಚೆನ್ನಾಗಿದೆ, ಅದಕ್ಕೆ ಮೊದಲಿನದು ಬೇಕಿರಲಿಲ್ಲ.' ಒಂದು ಪುಟವಾದರೂ ದಕ್ಕಿತಲ್ಲ. ಇದ್ದಿದ್ದರೆ ದಿನಕ್ಕೆ ಹತ್ತು ಸಲ ನನ್ನ ಮುಂದೆ ಹೇಳುತ್ತಿದ್ದರು.

ಈಗ ಈ ಮೇಜಿನ ಮೇಲೆ ಬಟ್ಟೆ ಮುಚ್ಚಿಟ್ಟಿರುವ ವಸ್ತುವಿನ ವಿಷಯ. ಕಾರ್ಯದರ್ಶಿಗಳೇ, ತಲೆ ತಗ್ಗಿಸಬೇಡಿ. ಹೆಸರು ಕೆತ್ತುವವರ ಅಂಗಡಿ ನಮ್ಮ ಪಕ್ಕದ್ದೇ. 'ವಿಶೇಷ ಬಹುಮಾನ' ಎಂದು ನಮ್ಮವರ ಹೆಸರು ಕೆತ್ತಿಸಿದ್ದೀರಿ, ಸಭೆಯ ಕೊನೆಗೆ ನನಗೆ ಕೊಡಬೇಕೆಂದು. ತೀರ್ಪುಗಾರರಿಗೆ ಒಂದು ಮಾತೂ ಹೇಳದೆ, ಅವರ ತೀರ್ಪಿಗೆ ಕೈಹಾಕದೆ, ಬರೀ ಪ್ರೀತಿಯಿಂದ ಮಾಡಿದ್ದೀರಿ. ಅದು ನನಗೆ ಗೊತ್ತು. ನಾನು ಇವತ್ತು ಯಾರೂ ಬರುವ ಮೊದಲೇ ಬಂದು ಬಟ್ಟೆಯ ಅಂಚು ಎತ್ತಿ ನೋಡಿದೆ. ಹಿತ್ತಾಳೆಯಲ್ಲಿ ಅವರ ಹೆಸರು ಬಹಳ ಚೆನ್ನಾಗಿ ಕಾಣುತ್ತದೆ. ಬೆರಳಿಂದ ಮುಟ್ಟಿಯೂ ನೋಡಿದೆ. ನನ್ನ ಆಸೆ ಅಲ್ಲಿಗೆ ತೀರಿತು ಎಂದು ಇಟ್ಟುಕೊಳ್ಳಿ.

ದಯವಿಟ್ಟು ಅದನ್ನು ಕೊಡಬೇಡಿ. ಹೊಳೆಗೆ ಸುರಿದರೂ ಅಳೆದು ಸುರಿ ಅನ್ನುತ್ತಿದ್ದವರು ಅವರು. ಅಳೆಯದೆ ಕೊಟ್ಟದ್ದನ್ನು ಅವರ ಮನೆಯ ಗೋಡೆಗೆ ನಾನು ಹೇಗೆ ತೂಗುಹಾಕಲಿ?

ಹಾಗೆಂದು ದಂಡ ಮಾಡುವುದೂ ಬೇಡ. ಕೆತ್ತುವವರನ್ನು ಕೇಳಿದ್ದೇನೆ. ಫಲಕಕ್ಕೆ ಕೂರಿಸಿದ ಹಿತ್ತಾಳೆ ತಗಡಿನ ಹಿಂಬದಿ ಖಾಲಿ ಇದೆಯಂತೆ, ಸ್ಕ್ರೂ ಬಿಚ್ಚಿ ತಿರುವಿ ಹಾಕಬಹುದಂತೆ. ಮುಂದಿನ ವರ್ಷ ಯಾರು ಗೆಲ್ಲುತ್ತಾರೋ ಅವರ ಹೆಸರನ್ನು ಆ ಬದಿಗೆ ಕೆತ್ತಿಸೋಣ. ಮುಂದಿನ ವರ್ಷ ಇದೆಯೇ ಎಂದು ಕೇಳುತ್ತೀರಾ? ಮಗನೇ, ಎದ್ದು ನಿಲ್ಲು, ಹೇಳು.

ಎದ್ದಿದ್ದಾನೆ. ಹೌದೆಂದು ತಲೆ ಆಡಿಸಿದ್ದಾನೆ, ಎಲ್ಲರೂ ನೋಡಿದಿರಲ್ಲ? ಸಾಕು, ಕೂತ್ಕೋ ಮಗಾ.

ಬಹುಮಾನ ಮುಂದುವರಿಯುತ್ತದೆ. ಗುರುತು ನೋಡದೆ ತೂಗಿದ ತೀರ್ಪುಗಾರರಿಗೆ, ಗುರುತು ನೋಡಿ ಮರುಗಿದ ಕಾರ್ಯದರ್ಶಿಗಳಿಗೆ, ನನ್ನನ್ನು ಅಳಿಸಿದ ಈ ತಂಗಿಗೆ, ಇಷ್ಟು ಹೊತ್ತು ಕೂತು ಕೇಳಿದ ನಿಮಗೆಲ್ಲ ನಾನು ಋಣಿ. ಮುಂದಿನ ವರ್ಷ ಗೆಲ್ಲುವವರೇ, ನೀವು ಯಾರೋ ನನಗೆ ಗೊತ್ತಿಲ್ಲ, ಒಂದು ಮಾತು ಕೇಳಿ. ಆ ಫಲಕವನ್ನು ನಿಮ್ಮ ಮನೆಯಲ್ಲಿ ಹಾಕಿದಾಗ ನಿಮ್ಮ ಹೆಸರು ಜನಕ್ಕೆ ಕಾಣುತ್ತದೆ, ನಮ್ಮವರು ಹಿಂದೆ ಗೋಡೆಗೆ ಮುಖಮಾಡಿ ಇರುತ್ತಾರೆ. ಆದಷ್ಟೂ ಬಾಗಿಲ ಹತ್ತಿರ ಹಾಕಿ, ಅವರಿಗೆ ಅಲ್ಲೇ ಅಭ್ಯಾಸ.

ನಮಸ್ಕಾರ.