ಜಿರಲೆಗಳ ಚಳಿಗಾಲ

ಹಾರ್ಬಿನ್ ಕಡೆಯ ಬಸ್ಸಿನಲ್ಲಿ ಶೂಲಾನಳ ಪಕ್ಕದ ಸೀಟಿನ ಮೇಲೆ ಹಾಸಿಗೆಯ ಗಂಟೊಂದನ್ನು ಇಟ್ಟು, ಅಕ್ಕತಂಗಿಯರಿಬ್ಬರು ಮುಂದಿನ ಸೀಟಿನಲ್ಲಿ ಕುಳಿತರು. ಒಳ್ಳೆಯ ದಿಂಬು ಸಿಕ್ಕಿತೆಂದು ಶೂಲಾನ್ ಅದಕ್ಕೆ ಒರಗಿ ಕಣ್ಣು ಮುಚ್ಚಿದಳು, ಕಿವಿ ಮುಚ್ಚಲಿಲ್ಲ.

“ಚಳಿಗೆ ಸಾಯ್ಲಿ ಅಂತ ಒಲೆ ಆರಿಸಿ, ಕಿಟಕಿ ಬಾಗಿಲು ತೆಗೆದಿಟ್ಟೇ ಬಂದೆ ಕಣಕ್ಕಾ. ಈ ಸಲ ಒಂದು ಜಿರಲೆನೂ ಉಳೀಬಾರದು.”

“ನಿಮ್ಮತ್ತೆ ಒಪ್ಪಿದ್ರಾ?”

“ಒಲೆ ಬಿಸಿಗೆ ಬೆಚ್ಚಗಿರೋ ಮಲಗೋ ಜಗಲಿ ಬಿಟ್ಟು ಏಳಲ್ಲ ಅಂದ್ರು. ಎತ್ಕೊಂಡೇ ಹೋಗಿ ನಾದಿನಿ ಮನೇಲಿ ಬಿಟ್ಟೆ.”

“ಜಿರಲೆ ಮೇಲೆ ಅಷ್ಟೊಂದು ಹಟಾನಾ ನಿಂಗೆ?”

“ಮತ್ತೆ? ಹೊರಗೆ ನದಿ ಹೆಪ್ಪುಗಟ್ಟಿದ್ರೂ ಅವು ಒಲೆ ಹಿಂದೆ ಮರಿ ಮಾಡ್ಕೊಂಡಿದ್ವು. ಸೌದೆ ಸುಟ್ಟು ಸಾಕಿದೋರು ನಾವೇ! ಅವು ಸಾಯೋವರೆಗೂ ನಿನ್ ಮನೇಲೇ ಇರ್ತೀನಿ.”

“ಇರು, ಬೇಡ ಅಂದೋರ್ಯಾರು? ಈ ಹಾಸಿಗೆ ಮಾತ್ರ ಅಂಗಳದ ಹಿಮದಲ್ಲೇ ಮಲಗಲಿ. ಇದರೊಳಗೆ ಎಷ್ಟು ಕೂತಿವೆಯೋ!”

ಅವರು ಗಂಟೆತ್ತಿಕೊಂಡು ಇಳಿಯುವಷ್ಟರಲ್ಲಿ ಶೂಲಾನ್ ಎದ್ದು ನಿಂತು ಕೋಟು ಕೊಡವುತ್ತಿದ್ದಳು.